ಮೊಳೆ ಹೊಡೆಯದ ಪೆಟ್ಟಿಗೆ

ಕೆಂಟಕಿಯ ಪೂರ್ವದ ಬೆಟ್ಟಗಳ ನಡುವೆ ನಮ್ಮ ಲಾರೆಲ್ ಹಳ್ಳದ ಕಣಿವೆಯವರು ಕೂತದ್ದೆಲ್ಲ ಆರ್ವಿಲ್ ಸ್ಟೇಸಿ ಮಾಡಿದ ಕುರ್ಚಿಗಳ ಮೇಲೆ, ಮಣ್ಣಿಗೆ ಹೋದದ್ದೆಲ್ಲ ಅವನು ಮಾಡಿದ ಪೆಟ್ಟಿಗೆಗಳಲ್ಲಿ. ಕುರ್ಚಿಗೆ ಅವನು ಒಂದೇ ಒಂದು ಮೊಳೆ ಹೊಡೆಯುತ್ತಿರಲಿಲ್ಲ. ಹಸಿ ಮರದ ಕಾಲಿಗೆ ಒಣಗಿದ ಅಡ್ಡಪಟ್ಟಿ ಕೂರಿಸಿಬಿಟ್ಟರೆ ಸಾಕು, ಕಾಲು ಒಣಗುತ್ತ ಒಣಗುತ್ತ ಪಟ್ಟಿಯನ್ನು ಕಚ್ಚಿ ಹಿಡಿಯುತ್ತಿತ್ತು. ಕೂತವನ ಸೊಂಟ ಮುರಿದರೂ ಆರ್ವಿಲ್‌ನ ಕುರ್ಚಿ ಮುರಿಯದು ಎಂದು ಜನ ನಗುತ್ತಿದ್ದರು. ಮೊಳೆ ಬೇಕಾಗುತ್ತಿದ್ದುದು ಹೆಣದ ಪೆಟ್ಟಿಗೆಗೆ ಮಾತ್ರ. ಅದು ಅವಸರದ ಕೆಲಸ, ಮರ ಒಣಗಲಿ ಎಂದು ಯಾರೂ ಕಾಯುತ್ತ ಕೂರುವಂತಿಲ್ಲ. ಹಾಗಾಗಿ ಅವನ ಕೊಟ್ಟಿಗೆಯಲ್ಲಿ ಸುತ್ತಿಗೆಯ ಸದ್ದು ಎದ್ದಿತೆಂದರೆ ಕಣಿವೆಯುದ್ದಕ್ಕೂ ಗುದ್ದಲಿಗಳು ನಿಲ್ಲುತ್ತಿದ್ದವು. ಹೆಂಗಸರು ಕೈ ಒರೆಸಿಕೊಂಡು ಹೊರಗೆ ಬಂದು, ಯಾರಂತೆ, ಯಾರಂತೆ ಎಂದು ಬೇಲಿಯಿಂದ ಬೇಲಿಗೆ ಕೂಗಿ ಕೇಳುತ್ತಿದ್ದರು.

ಪೆಟ್ಟಿಗೆಯ ಒಳಗೆ ಹತ್ತಿ ಹಾಸಿ, ಬಿಳಿ ಬಟ್ಟೆಯನ್ನು ನೆರಿಗೆ ಹಿಡಿದು ಹೊಲಿಯುವುದು ಹೆಂಡತಿ ಡ್ರೂಸಿಲಾಳ ಪಾಲು. ಇಬ್ಬರೂ ಜಗಳವಾಡದೆ ಒಂದು ಪೆಟ್ಟಿಗೆಯನ್ನೂ ಮುಗಿಸಿದವರಲ್ಲ.

“ಭುಜದ ಹತ್ರ ಅಗಲ ಸಾಲ್ದು ಕಣಯ್ಯಾ. ಅವನೇನು ಮೀನಾ?”

“ನೀನು ಹೊಲಿಯೋದು ಹೊಲಿ. ಸತ್ತೋನು ಎದ್ದು ಬಂದು ದೂರ್ತಾನಾ?”

ಒಬ್ಬನೇ ಮಗ ಕ್ಲೆಲ್‌ಗೆ ಈ ಕೆಲಸ ಹಿಡಿಸಲಿಲ್ಲ. ಬೆಟ್ಟದಾಚೆ ಕಲ್ಲಿದ್ದಲು ಕಂಪನಿ ಬಂದಾಗ ಎಲ್ಲರ ಹಿಂದೆ ಅವನೂ ಹೋದ. “ಮಣ್ಣೊಳಗೆ ಹೋಗೋಕೆ ಏನೋ ಅವಸರ ನಿಂಗೆ? ಎಲ್ಲಾರ್ನೂ ನಾನೇ ಕಳಿಸ್ತೀನಲ್ಲ, ಸ್ವಲ್ಪ ತಡ್ಕೊ” ಎಂದು ಆರ್ವಿಲ್ ರೇಗಿದ್ದ. ಮಗ ನಕ್ಕು ತಲೆಗೆ ದೀಪ ಕಟ್ಟಿಕೊಂಡು ಹೊರಟಿದ್ದ. ಆಡಿದ ಮಾತು ಆರ್ವಿಲ್‌ನ ಎದೆಯಲ್ಲಿ ಆಮೇಲೆ ಮುಳ್ಳಾಗಿ ನಿಂತಿತು.

ಕೆಲವು ವರ್ಷ ಕಳೆಯುವಷ್ಟರಲ್ಲಿ ಡ್ರೂಸಿಲಾಳಿಗೆ ಎದೆಯ ಕಾಯಿಲೆ ಹತ್ತಿತು. ಆ ಬೇಸಿಗೆ ಹಾಸಿಗೆ ಹಿಡಿದವಳು ಮತ್ತೆ ಏಳಲಿಲ್ಲ. ಡಾಕ್ಟರು ಹೊಸ್ತಿಲಾಚೆ ನಿಂತು ಆರ್ವಿಲ್‌ನ ಕಿವಿಯಲ್ಲಿ ಹೇಳಿದರು: ಇನ್ನು ಹೆಚ್ಚು ದಿನವಿಲ್ಲ, ಮನಸ್ಸಿಗೆ ದೊಡ್ಡ ಪೆಟ್ಟೇನಾದರೂ ಬಿದ್ದರೆ ಅವತ್ತೇ ಹೋಗಿಬಿಡುತ್ತಾಳೆ. ಆರ್ವಿಲ್ ಅದನ್ನು ದೇವರ ಅಪ್ಪಣೆ ಎನ್ನುವಂತೆ ತಲೆಯ ಮೇಲೆ ಹೊತ್ತುಕೊಂಡ.

ಎಲೆ ಉದುರುವ ಕಾಲದ ಒಂದು ಬೆಳಿಗ್ಗೆ ಗಣಿಯ ಸೀಟಿ ಕೂಗಲು ಶುರುವಾದದ್ದು ನಿಲ್ಲಲೇ ಇಲ್ಲ. ಅದರ ಅರ್ಥ ಹಾಲು ಕುಡಿಯುವ ಮಗುವಿಗೂ ಗೊತ್ತು. ಆರ್ವಿಲ್ ಬಿದ್ದೂ ಎದ್ದೂ ಓಡಿದ. ಒಳಗೆ ಅನಿಲ ಸಿಡಿದಿತ್ತು. ಮಧ್ಯಾಹ್ನ ಹೆಣಗಳನ್ನು ಮೇಲೆ ತಂದರು. ಕ್ಲೆಲ್‌ನನ್ನು ಅವನು ಗುರುತಿಸಿದ್ದು ಬೂಟಿನಿಂದ. ಪಕ್ಕದಲ್ಲೇ ನಮ್ಮ ಕಣಿವೆಯ ಲುವೀನಾಳ ಮಗ ಹೈರಮ್‌ನ ಹೆಣವಿತ್ತು. ಆ ವಿಧವೆಗೂ ಇದ್ದವನು ಅವನೊಬ್ಬನೇ.

ಮಗನನ್ನು ಮನೆಗೆ ತರುವುದು ಬೇಡ ಎಂದು ಆರ್ವಿಲ್ ಅಲ್ಲೇ ತೀರ್ಮಾನಿಸಿದ. ಕಣಿವೆಯ ಕೆಳಗಿದ್ದ ತಂಗಿ ಮಹಾಲಾಳ ಮನೆಯಲ್ಲಿ ಮಲಗಿಸಿ, ಮುಖ ತೊಳೆದುಕೊಂಡು ಮನೆಗೆ ಬಂದ.

“ಯಾರ್ ಯಾರು?” ದಿಂಬಿನ ಮೇಲಿಂದಲೇ ಕೇಳಿದಳು ಡ್ರೂಸಿಲಾ.

“ಆಚೆ ಕಡೆಯೋರು ಕೆಲವರು. ನಮ್ಮೋರಲ್ಲಿ ಹೈರಮ್.”

“ಅಯ್ಯೋ ಲುವೀನಾ! ಕ್ಲೆಲ್ ಎಲ್ಲಿ?”

“ಒಳಗೆ ಇನ್ನೂ ಜನ ಸಿಕ್ಕಾಕ್ಕೊಂಡಿದಾರೆ. ತೆಗೆಯೋಕೆ ನಿಂತಿದಾನೆ, ಬರೋದು ತಡ ಆಗುತ್ತೆ.”

ಅವಳು ಅವನನ್ನೇ ನೋಡಿದಳು. ಮತ್ತೇನೂ ಕೇಳಲಿಲ್ಲ. ಗೆದ್ದೆ ಎಂದುಕೊಂಡ ಆರ್ವಿಲ್.

ಮರುದಿನ ಬೆಳಿಗ್ಗೆ ಅಟ್ಟದ ಮೇಲಿಂದ ಅಕ್ರೋಟಿನ ಹಲಗೆಗಳನ್ನು ಇಳಿಸಿದ. ತನಗೂ ಹೆಂಡತಿಗೂ ಇರಲಿ ಎಂದು ಒಣಗಿಸಿಟ್ಟಿದ್ದ ಹಲಗೆಗಳವು. ಸುತ್ತಿಗೆ ಮುಟ್ಟಿದರೆ ಕೆಟ್ಟೆ ಎಂದು ಅವನಿಗೆ ಗೊತ್ತಿತ್ತು. ಅವಳು ಯಾರದು ಎಂದು ಕೇಳುತ್ತಾಳೆ, ಅಳತೆ ಕೇಳುತ್ತಾಳೆ, ಬಟ್ಟೆ ತಾ ಇಲ್ಲೇ ಹೊಲಿಯುತ್ತೇನೆ ಎನ್ನುತ್ತಾಳೆ. ಆದ್ದರಿಂದ ಬೈರಿಗೆಯಲ್ಲಿ ತೂತು ಕೊರೆದು, ಮರದ ಗೂಟಗಳನ್ನು ಒಲೆಯ ಮೇಲೆ ಒಣಗಿಸಿ, ಒಂದೊಂದನ್ನೂ ಎದೆಯ ಭಾರ ಹಾಕಿ ಒತ್ತಿ ಕೂರಿಸಿದ. ಕುರ್ಚಿ ಮಾಡುವವನಿಗೆ ಈ ವಿದ್ಯೆ ಹೊಸದಲ್ಲ. ಅವನ ಕೈಯಿಂದ ಅಷ್ಟು ಚೆಂದದ ಪೆಟ್ಟಿಗೆ ಅದಕ್ಕೆ ಮೊದಲು ಆಗಿರಲಿಲ್ಲ, ಆಮೇಲೂ ಆಗಲಿಲ್ಲ. ಎಂಥ ಹಾಳು ಹೆಚ್ಚುಗಾರಿಕೆ ಅದು!

ಅರ್ಧ ಕೆಲಸವಾಗಿದ್ದಾಗ ಲುವೀನಾ ಬಂದಳು.

“ಆರ್ವಿಲಣ್ಣ, ನನ್ನ ಮಗನಿಗೂ ಒಂದು ಮಾಡ್ಕೊಡು.”

“ಆಗಲ್ಲ ಲುವೀನಾ. ಇನ್ನೊಂದಕ್ಕೆ ಹೀಗೆ ಕೂತ್ಕೊಂಡು ಗೂಟ ಒತ್ತೋಕೆ ಹೊತ್ತಿಲ್ಲ. ಸುತ್ತಿಗೆ ಎತ್ತಿದ್ರೆ ಒಳಗೆ ಅವಳಿಗೆ ಕೇಳುತ್ತೆ. ಕಂಪನಿ ಪೆಟ್ಟಿಗೆ ಕೊಡುತ್ತಂತಲ್ಲ, ಅದನ್ನೇ ತಗೋ.”

“ಅದು ಸೋಪು ತುಂಬೋ ಡಬ್ಬದ ಹಲಗೆ ಕಣಣ್ಣ. ತಳ ನಿಲ್ಲಲ್ಲ. ನಮ್ಮಪ್ಪಂಗೆ ನೀನು ಮಾಡ್ದೆ, ನನ್ ಗಂಡಂಗೆ ನೀನು ಮಾಡ್ದೆ...”

“ಡಾಕ್ಟರು ಹೇಳಿದಾರೆ, ಅವಳಿಗೆ ಗೊತ್ತಾಗ್ಬಾರ್ದು. ಕೈ ಮುಗೀತೀನಿ, ಹೋಗು.”

ಲುವೀನಾ ಆ ಅಕ್ರೋಟಿನ ಹಲಗೆಗಳನ್ನೊಮ್ಮೆ, ಅವನನ್ನೊಮ್ಮೆ ನೋಡಿದಳು. “ಸತ್ತಿದ್ದು ನಿನ್ ಮಗ ಒಬ್ನೇನಾ?” ಎಂದವಳು ಉತ್ತರಕ್ಕೆ ಕಾಯದೆ ಬೇಲಿ ದಾಟಿ ಹೋದಳು. ಆರ್ವಿಲ್ ತನ್ನ ಜನ್ಮದಲ್ಲಿ ಪೆಟ್ಟಿಗೆ ಇಲ್ಲ ಎಂದು ಯಾರನ್ನೂ ಕಳಿಸಿದವನಲ್ಲ. ಆದರೂ ಅವಳನ್ನು ವಾಪಸು ಕರೆಯಲಿಲ್ಲ.

ಸಂಜೆ ಡ್ರೂಸಿಲಾ ಕೇಳಿದಳು, “ಹೈರಮ್‌ಗೆ ಪೆಟ್ಟಿಗೆ?”

“ಕಂಪನಿದೇ ಸಾಕು ಅಂದ್ಲು ಲುವೀನಾ.”

“ಹಂಗಂದ್ಲಾ?” ಎಂದು ಅವಳು ಗೋಡೆಯ ಕಡೆ ತಿರುಗಿಕೊಂಡಳು.

ಮಾರನೆಯ ದಿನ ಕ್ಲೆಲ್‌ನನ್ನು ಮಣ್ಣು ಮಾಡಿದರು. ಹಾಡಿದರೆ ಗಾಳಿಗೆ ಮನೆಯ ತನಕ ಕೇಳುತ್ತದೆ ಎಂದು ಆರ್ವಿಲ್ ಯಾರನ್ನೂ ಹಾಡಲು ಬಿಡಲಿಲ್ಲ. ಜನ ಟೋಪಿ ಕೈಯಲ್ಲಿ ಹಿಡಿದು ಕಳ್ಳರ ಹಾಗೆ ನಿಂತಿದ್ದು ಚದುರಿದರು. ಹೆತ್ತ ತಾಯಿ ಕೂಗಳತೆಯಲ್ಲಿದ್ದಾಳೆ, ಮಗನನ್ನು ಹೀಗೆ ಬಾಯಿ ಕಟ್ಟಿ ಹೂಳುವುದು ಯಾವ ನ್ಯಾಯ ಎಂದು ಮಹಾಲಾ ಅಲ್ಲೇ ಅಣ್ಣನನ್ನು ಬೈದಳು. “ನಿನ್ ಅತ್ತಿಗೆ ಬದುಕಿದ್ರೆ ಸಾಕು ಅಂತ ಮಾಡ್ತಿದೀನಿ, ಸುಮ್ನಿರೇ” ಎಂದ ಅವನು.

ಬೂಟಿನ ಮಣ್ಣು ಕೆರೆದು ಒಳಗೆ ಬಂದ. ಡ್ರೂಸಿಲಾ ಅವನಿಗಾಗಿಯೇ ಎನ್ನುವಂತೆ ದಿಂಬಿಗೆ ಒರಗಿ ಕೂತಿದ್ದಳು.

“ಹೂತು ಬಂದ್ಯಾ?”

“ಯಾರನ್ನ? ಹೈರಮ್‌ನಾ?”

“ಬಿಡು, ಸುಳ್ಳು ಹೇಳೋಕೆ ಬರಲ್ಲ ನಿಂಗೆ. ಹೈರಮ್‌ಗೆ ನೀನು ಸುತ್ತಿಗೆ ಹೊಡೆದಿದ್ರೆ ನಾನು ನಂಬ್ತಿದ್ದೆ ಕಣಯ್ಯಾ. ಅದೇ ಸದ್ದಲ್ಲಿ ನನ್ ಮಗನ್ದೂ ಮುಗಿಸ್ಬೋದಿತ್ತು. ಲುವೀನಾ ಮಗ ಸತ್ತಿದಾನೆ, ನಿನ್ ಸುತ್ತಿಗೆ ಸುಮ್ನಿದೆ ಅಂದ್ರೆ ಇನ್ಯಾರು ಸತ್ತಿರ್ಬೇಕು? ನಿನ್ನೆನೇ ಗೊತ್ತಾಯ್ತು.”

ಆರ್ವಿಲ್ ಹಾಸಿಗೆಯ ಪಕ್ಕ ನೆಲದ ಮೇಲೆಯೇ ಕೂತ. “ಮತ್ತೆ ಯಾಕೆ ಸುಮ್ನಿದ್ದೆ?”

“ನೀನೇ ಬಂದು ಹೇಳ್ತೀಯ, ನನ್ನ ಎತ್ಕೊಂಡ್ ಹೋಗಿ ಅವನ ಮುಖ ತೋರಿಸ್ತೀಯ ಅಂತ ಕಾದೆ. ಇವತ್ತು ಬೆಳಿಗ್ಗೆನೂ ಕಾದೆ.”

ಡಾಕ್ಟರು ಹೇಳಿದಂತೆ ಅವಳು ಸಾಯಲಿಲ್ಲ. ಒಂದಿಡೀ ರಾತ್ರಿ ಒಬ್ಬಳೇ ಆ ಸಂಕಟವನ್ನು ನುಂಗಿಕೊಂಡು ಬದುಕಿಯೇ ಇದ್ದಳು. ಅದನ್ನು ಕಂಡು ಆರ್ವಿಲ್ ಬಾಯಿಗೆ ಟೋಪಿ ಒತ್ತಿಕೊಂಡು ಅತ್ತ. ಲುವೀನಾಳನ್ನು ಬರಿಗೈಯಲ್ಲಿ ಕಳಿಸಿದ್ದು, ಹಾಡದೆ ಹೂತದ್ದು, ಯಾವುದೂ ಯಾರಿಗೂ ಉಪಯೋಗಕ್ಕೆ ಬಂದಿರಲಿಲ್ಲ.

“ಮುಖ ಇರ್ಲಿಲ್ಲ, ಡ್ರೂ” ಎಂದ ಕೊನೆಗೆ.

“ಕೈ?” ಎಂದಳು ಅವಳು.

“ಕೈ ಇದ್ವು. ನಾನೇ ತೊಳ್ದೆ. ಉಗುರು ಸಂದಿನ ಕರಿ ಮಾತ್ರ ಹೋಗ್ಲಿಲ್ಲ, ಎಷ್ಟು ಉಜ್ಜಿದ್ರೂ ಹೋಗ್ಲಿಲ್ಲ.”

“ಅದಕ್ಕೆ ಹಂದಿ ಕೊಬ್ಬು ಹಚ್ಚಿ ಸ್ವಲ್ಪ ಹೊತ್ತು ಬಿಡ್ಬೇಕು. ಶನಿವಾರ ಶನಿವಾರ ನಾನು ಹಂಗೇ ಮಾಡ್ತಿದ್ದೆ” ಎಂದಳು ಡ್ರೂಸಿಲಾ. “ಕೇಳಿದ್ರೆ ಹೇಳ್ತಿದ್ದೆ.”