ನೆರಳಿನ ಮೇಸ್ತ್ರಿಯ ಹನ್ನೊಂದು ಪುಟ

ನಾನು ಓದಿದ್ದು ಮೂರನೇ ಕ್ಲಾಸು. ಒತ್ತಕ್ಷರ ಬಂದಲ್ಲಿ ಈಗಲೂ ಪೆನ್ನು ನಿಲ್ಲುತ್ತದೆ. ಆದರೂ ಸಿರುಗುಪ್ಪದ ನನ್ನ ಗಂಡನ ಮನೆಯ ಹೆಂಗಸರಲ್ಲಿ ಅಕ್ಷರ ಗೊತ್ತಿದ್ದವಳು ನಾನೊಬ್ಬಳೇ. ಅದಕ್ಕೇ ಮಾವ ತಾವು ಹೇಳಿದ್ದನ್ನು ಬರೆಯುವ ಕೆಲಸ ನನಗೆ ಹೇಳಿದರು.

ಮಾವ ಕುರುಗೋಡಿನಲ್ಲಿ ಕಲ್ಲು ಕಟ್ಟುವ ಗೌಂಡಿ ಕೆಲಸ ಮಾಡಿಕೊಂಡಿದ್ದವರು. ಸುಣ್ಣದ ಕಲ್ಲಿಗೆ ನೀರು ಹಾಕಿ ಅರಳಿಸುವಾಗ ಮುಖಕ್ಕೆ ಸಿಡಿದು ಎರಡೂ ಕಣ್ಣು ಹೋದವು. ಬಳ್ಳಾರಿಯಲ್ಲಿ ಡಾಕ್ಟರು ನೋಡಿ, ಇನ್ನು ದೃಷ್ಟಿ ಬರುವುದಿಲ್ಲ ಎಂದರು. ಅತ್ತೆ ಅಷ್ಟೊತ್ತಿಗೆ ತೀರಿಕೊಂಡಿದ್ದರು. ಮಾವ ನಮ್ಮಲ್ಲಿಗೆ ಬಂದು ಪಡಸಾಲೆಯ ಕಂಬಕ್ಕೆ ಒರಗಿ ಕೂತರು. ಸಾವಿರದ ಒಂಬೈನೂರ ಎಪ್ಪತ್ತರ ಆಸುಪಾಸಿನ ಮಾತು. ಕಾಲುವೆ ನೀರು ಬಂದು ಸುತ್ತೆಲ್ಲ ಭತ್ತ. ಆಳುಗಳಿಗೆ ಬುತ್ತಿ ಕಟ್ಟುವುದರಲ್ಲೇ ನನ್ನ ಅರ್ಧ ದಿನ ಹೋಗುತ್ತಿತ್ತು.

ಕಣ್ಣು ಹೋದ ಮೇಲೆ ಮಾವ ತಲೆಯೊಳಗೆ ಒಂದು ಊರು ಕಟ್ಟತೊಡಗಿದ್ದರು. ಅದು ಈ ಲೋಕದ ಊರಲ್ಲ. ಅಲ್ಲಿ ಸೂರ್ಯ ಮುಳುಗುವುದೇ ಇಲ್ಲ, ನೆತ್ತಿಯ ಮೇಲೇ ನಿಂತಿರುತ್ತಾನೆ. ಆ ಜನ ನಿದ್ದೆ ಎಂದರೇನೆಂದು ಕಾಣದೆ ಹುಟ್ಟಿ ಸಾಯುತ್ತಾರೆ. ಅಲ್ಲೊಬ್ಬ ಮೇಸ್ತ್ರಿ. ಚಿಕ್ಕವನಿದ್ದಾಗ ತಾಯಿಯ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಕತ್ತಲು ಕಂಡವನು. ಊರಿಗೆಲ್ಲ ಅದನ್ನು ಕಟ್ಟಿಕೊಡುತ್ತೇನೆ ಎಂದು ಹೊರಡುತ್ತಾನೆ. ಜನ ನಗುತ್ತಾರೆ. ಅವನು ಎರಡು ಕಂಬ ನಿಲ್ಲಿಸಿ ಮೇಲೊಂದು ಬಂಡೆ ಇಡುತ್ತಾನೆ. ಒಂದು ಹಸು ಬಂದು ಅದರಡಿ ಮಲಗಿ ಕಣ್ಣು ಮುಚ್ಚುತ್ತದೆ. ಯಾರೂ ನಿದ್ದೆ ಕಂಡವರಲ್ಲ, ಹಸು ಸತ್ತಿತೆಂದು ಅಳುತ್ತಾರೆ.

ಆ ಮೇಸ್ತ್ರಿಯ ಬಾಳನ್ನು ಹುಟ್ಟಿನಿಂದ ಸಾವಿನ ತನಕ ಬರೆಸಬೇಕು ಎಂಬುದೊಂದೇ ಮಾವನಿಗೆ ಉಳಿದಿದ್ದ ಆಸೆ. ನಾಗರ ಪಂಚಮಿಗೆ ಮಗಳು ಬರುತ್ತಾಳೆ, ಅವಳು ಓದಿ ಹೇಳುತ್ತಾಳೆ, ಆಮೇಲೆ ಮೊಮ್ಮಕ್ಕಳಿಗೆ ಇರುತ್ತದೆ ಎನ್ನುತ್ತಿದ್ದರು. ನನ್ನ ನಾದಿನಿ ಬಳ್ಳಾರಿಯ ಸತ್ಯನಾರಾಯಣಪೇಟೆಯಲ್ಲಿದ್ದಳು, ಶಾಲೆಯಲ್ಲಿ ಟೀಚರು.

ಮೊದಲ ಹನ್ನೊಂದು ಪುಟ ನಾನು ನಿಜವಾಗಿಯೂ ಬರೆದೆ. ಪೆನ್ಸಿಲ್ ಒತ್ತಿ ಒತ್ತಿ ಬೆರಳು ಜೋಮು ಹಿಡಿಯುತ್ತಿತ್ತು. ಮಾವ ಒಂದು ಮಾತು ಹೇಳಿ, "ಬರದೇನವ್ವಾ?" ಎಂದು ಕೇಳಿ, ನಾನು ಹೂಂ ಅಂದ ಮೇಲೆಯೇ ಮುಂದಿನದು ಹೇಳುವರು. ಹನ್ನೆರಡನೆಯ ಪುಟದ ಹೊತ್ತಿಗೆ ಸುಗ್ಗಿ ಬಂತು. ಒಂದು ಮಧ್ಯಾಹ್ನ ಅಕ್ಕಿ ಆರಿಸುವುದಿತ್ತು. ಮೊರ ಮುಂದಿಟ್ಟುಕೊಂಡು, ಎಡಗೈಯಲ್ಲಿ ಕಲ್ಲು ತೆಗೆಯುತ್ತ, ಬಲಗೈಯಲ್ಲಿ ನೋಟುಬುಕ್ಕಿನ ಮೇಲೆ ಸುಮ್ಮನೆ ಗೆರೆ ಎಳೆದೆ. ಪೆನ್ಸಿಲಿನ ಸದ್ದು ಬಂದರೆ ಸಾಕಿತ್ತು. "ಬರದೇನವ್ವಾ?" ಎಂದರು. "ಬರದೀನ್ರಿ ಮಾವ" ಎಂದೆ.

ಅವತ್ತೊಂದೇ ದಿನ ಅಂದುಕೊಂಡಿದ್ದೆ. ಮರುದಿನವೂ ಹಾಗೇ ಮಾಡಿದೆ. ಸುಗ್ಗಿ ಮುಗಿದು ಪುರುಸೊತ್ತು ಸಿಕ್ಕ ಮೇಲೂ ಹಾಗೇ ಮಾಡಿದೆ. ಬಿಟ್ಟುಹೋದದ್ದನ್ನು ಮತ್ತೆ ಹೇಳಿ ಎಂದು ಕೇಳಿದರೆ ಸಿಕ್ಕಿಬೀಳುತ್ತೇನಲ್ಲ. ಮಾವ ಊರು ಕಟ್ಟಿ ಮುಗಿಸಿದರು, ಮೇಸ್ತ್ರಿಗೆ ಮುಪ್ಪು ತಂದರು, ಅವನನ್ನು ಮಣ್ಣು ಮಾಡಿದರು. ನಾನು ನೋಟುಬುಕ್ಕು ತುಂಬ ಗೆರೆ ಎಳೆದೆ.

ಪಂಚಮಿಯ ಹಿಂದಿನ ದಿನ ಉಂಡೆಗೆ ಎಳ್ಳು ಹುರಿಯುತ್ತಿದ್ದೆ. ಗೆರೆಯ ಪುಟಗಳನ್ನೆಲ್ಲ ಹರಿದು ಅದೇ ಒಲೆಗೆ ಹಾಕಿದೆ.

ನಾದಿನಿ ಬಂದಳು. ಕೈಕಾಲು ತೊಳೆಯುವುದಕ್ಕೂ ಬಿಡದೆ ಮಾವ ಓದಲು ಕೂರಿಸಿದರು. ನನ್ನ ಸೊಟ್ಟ ಅಕ್ಷರ ಅವಳ ಬಾಯಲ್ಲಿ ಚೆಂದ ಕೇಳಿತು. ಹಸು ಮಲಗಿದ್ದು ಬಂದಾಗ ಮಾವ ತೊಡೆ ತಟ್ಟಿಕೊಂಡು ನಕ್ಕರು. ಹನ್ನೊಂದು ಪುಟ ಮುಗಿದವು.

"ಮುಂದ ಓದವ್ವಾ" ಎಂದರು ಮಾವ.

ಅವಳು ನನ್ನ ಕಡೆ ನೋಡಿದಳು. ನಾನು ಅಡುಗೆಮನೆ ಬಾಗಿಲಲ್ಲೇ ನಿಂತು, ಉಳಿದದ್ದನ್ನು ಇಲಿ ತಿಂದವು ಎಂದೆ.

ಮಾವ ನೋಟುಬುಕ್ಕು ಇಸಿದುಕೊಂಡರು. ನಾನು ಒತ್ತಿ ಬರೆದದ್ದು ಹಾಳೆಯ ಹಿಂದೆ ಉಬ್ಬಿತ್ತು. ಕಲ್ಲಿನ ಮೈ ನೋಡುವವರ ಹಾಗೆ ಅದರ ಮೇಲೆ ಬೆರಳಾಡಿಸಿದರು. ಕೊನೆಯ ಪುಟ ದಾಟಿ, ದಾರಕ್ಕೆ ಅಂಟಿಕೊಂಡು ಉಳಿದಿದ್ದ ಹರಕು ಅಂಚುಗಳನ್ನೂ ಮುಟ್ಟಿದರು. ಅಲ್ಲಿ ಬೆರಳು ಸ್ವಲ್ಪ ಹೊತ್ತು ನಿಂತಿತು.

"ಎಲ್ಲಿಗೆ ನಿಂತೈತಿ?" ಎಂದು ಮಗಳನ್ನು ಕೇಳಿದರು.

"ಊರಿಗೆ ತಳಪಾಯ ತೋಡಿದ್ರು ಅಂತ ಐತಿ ಅಪ್ಪಾ."

"ಹಂಗಾರ ಊರು ಕಟ್ಟಲಿಲ್ಲ ಬಿಡು ಅವ" ಎಂದರು.

ನಾದಿನಿ, ಇನ್ನೊಮ್ಮೆ ಹೇಳು, ನಾನೇ ಬರೆದುಕೊಳ್ಳುತ್ತೇನೆ, ನಾಲ್ಕು ದಿನ ಇರುತ್ತೇನೆ ಎಂದು ಬಹಳ ಹೇಳಿದಳು. ಮಾವ ಬೇಡ ಎನ್ನಲಿಲ್ಲ, ಹೂಂ ಎನ್ನಲೂ ಇಲ್ಲ. ರೊಟ್ಟಿ ಆಯಿತೇನು ಎಂದು ಕೇಳಿದರು.

ಒಳಗೆ ಬಂದು ಅವಳು ನನ್ನ ಪಕ್ಕ ಕೂತು ಉಂಡೆ ಕಟ್ಟಿದಳು. ಅರ್ಧ ಬುಟ್ಟಿ ತುಂಬಿತು. ಆಮೇಲೆ ಮುಖ ಎತ್ತದೆ ಹೇಳಿದಳು: "ಅತ್ತಿಗಿ, ನಿಮ್ಮನಿ ಇಲಿಗೆ ಹಲ್ಲಿಲ್ಲೇನು? ಕಡದಿಲ್ಲ, ಕೈಲೆ ಹರದಂಗೈತಿ."

ನಾನು ಇನ್ನೊಂದು ಉಂಡೆ ಕಟ್ಟಿದೆ. ಅವಳು ಮತ್ತೆ ಕೇಳಲಿಲ್ಲ.

ಮುಂದಿನ ಪಂಚಮಿಗೆ ಮಾವ ಇರಲಿಲ್ಲ. ಅಲ್ಲಿಯವರೆಗೆ ಒಂದು ದಿನವೂ ನನಗೆ ಒಂದು ಮಾತು ಅಂದವರಲ್ಲ. ನೀರು ಕೊಟ್ಟರೆ ಕುಡಿಯುವರು, ಉಣ್ಣಿ ಎಂದರೆ ಉಣ್ಣುವರು. ಆ ಊರಿನ ಮಾತು ಮಾತ್ರ ತೆಗೆಯಲಿಲ್ಲ. ನಿಜ ಹೇಳಲು ನನಗೆ ಹೆಚ್ಚುಕಡಿಮೆ ಒಂದು ವರ್ಷ ಇತ್ತು. ಹೇಳಲಿಲ್ಲ.

ಈಗ ಹನ್ನೆರಡನೆಯ ಪುಟ ಬರೆಯೋಣ ಎಂದು ಕೂತರೆ ಬರೆಯಲು ಏನೂ ಇಲ್ಲ. ಆ ಊರಿನ ಚಾವಣಿ ಹೇಗೆ ನಿಂತಿತು ಎಂಬುದನ್ನು ಮಾವ ಎರಡು ಮಧ್ಯಾಹ್ನ ಹೇಳಿದ್ದರು. ಒಂದು ಮಾತೂ ನನ್ನ ತಲೆಗೆ ಹೋಗಿಲ್ಲ. ಪೆನ್ಸಿಲಿನ ಸದ್ದು ನಿಲ್ಲದ ಹಾಗೆ ನೋಡಿಕೊಳ್ಳುವುದರಲ್ಲೇ ಇದ್ದೆ. ಗೆರೆ ಎಳೆದ ಮೊದಲ ದಿನದ ಅಕ್ಕಿ ಮಾತ್ರ ನೆನಪಿದೆ. ಹೊಸ ಅಕ್ಕಿ, ಕಲ್ಲು ಬಹಳ ಇದ್ದವು.