ಅಕ್ಕನ ಅರ್ಧ ಹಲ್ಲು

ರೇಣವ್ವನ ಮನೆಯಲ್ಲಿ ಅವಳ ಅಕ್ಕ ಮಲ್ಲಮ್ಮನ ಫೋಟೊ ಇಲ್ಲ. ಕುರಿ ಹಿಂದೆ ಅಲೆಯುವವರು ಆಗ ಫೋಟೊ ಎಲ್ಲಿ ತೆಗೆಸುತ್ತಿದ್ದರು? ಹನ್ನೊಂದನೇ ವಯಸ್ಸಿಗೆ ಮಲ್ಲಮ್ಮ ಜ್ವರ ಬಂದು ತೀರಿಹೋದಳು. ಆಗ ರೇಣವ್ವನಿಗೆ ಎಂಟು, ಈಗ ಐವತ್ತೆಂಟು. ಅಕ್ಕನ ಮುಖ ಉಳಿದದ್ದು ಇವಳ ನೆನಪಿನಲ್ಲಿ ಮಾತ್ರ.

ನಾನು ಮಾಸ್ತರನಾಗಿರುವ ಕೆರೂರಿನ ಶಾಲೆಯಲ್ಲಿ ರೇಣವ್ವ ಬಿಸಿಯೂಟದ ಅಡುಗೆಯವಳು. ಒಲೆಯ ಮುಂದೆ ಅವಳು ಹೇಳುತ್ತಿದ್ದ ಕಥೆ ಒಂದೇ. ಮಳೆ ಬಂದರೆ ಅಕ್ಕತಂಗಿ ಒಂದೇ ಕಂಬಳಿಯೊಳಗೆ ಕೂರುತ್ತಿದ್ದರಂತೆ. ಆ ಕಂಬಳಿಯೇ ಬಾದಾಮಿಯ ರೈಲು. ಅಕ್ಕ ಡ್ರೈವರ್, ಕುರಿಗಳು ಪ್ಯಾಸೆಂಜರು, ಎಕ್ಕೆಯ ಎಲೆ ಟಿಕೆಟ್ಟು. ಟಗರು ಗುದ್ದಿ ಅಕ್ಕನ ಮುಂದಿನ ಹಲ್ಲು ಅರ್ಧ ಮುರಿದಿತ್ತು. ಸೀಟಿ ಹೊಡೆದರೆ ಬರೀ ಗಾಳಿ ಬರುತ್ತಿತ್ತು. ಇಷ್ಟು ಹೇಳಿ ತಾನೇ ನಗುವಳು, ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಳ್ಳುವಳು.

ನನಗೋ ಊರ ಉಸಾಬರಿ ಜಾಸ್ತಿ. ಕಿರುಚಿತ್ರ ಮಾಡುವ ಐಶ್ವರ್ಯ ಎಂಬ ಹುಡುಗಿ ಬಾದಾಮಿಗೆ ಬಂದಾಗ, ಅವಳನ್ನು ರೇಣವ್ವನ ಮುಂದೆ ತಂದು ಕೂರಿಸಿದವನು ನಾನೇ. ಅಕ್ಕನ ಪಾತ್ರಕ್ಕೆ ಅದೇ ಶಾಲೆಯಲ್ಲಿ ಓದುವ ನನ್ನ ಮಗಳು ಶೀಲಾಳನ್ನು ಮುಂದೆ ಮಾಡಿದವನೂ ನಾನೇ. ಮುರಿದಂತೆ ಕಾಣಲು ಹಲ್ಲಿಗೆ ಕಪ್ಪು ಹಚ್ಚೋಣವೇ ಎಂದು ಐಶ್ವರ್ಯ ಕೇಳಿದಳು.

“ಬ್ಯಾಡ ಬಿಡವಾ, ಹುಡುಗಿ ಚೆಂದ ಕಾಣ್ಲಿ,” ಅಂದೆ.

ಶಾಲೆಯ ಗೋಡೆಯ ಮೇಲೆ ಚಿತ್ರ ತೋರಿಸಿದೆವು. ಕಂಬಳಿ ಬೆಳೆದು ಆಕಾಶದಷ್ಟಾಯಿತು. ಕುರಿಗಳು ಬಾಯಲ್ಲಿ ಎಕ್ಕೆಯ ಎಲೆ ಹಿಡಿದು ಬೆಂಚಿನ ಮೇಲೆ ಕೂತಿದ್ದವು. ರೈಲು ಮೋಡ ಹತ್ತಿತು. ಕಿಟಕಿಯಿಂದ ಇಣುಕಿ ಶೀಲಾ ನಕ್ಕಳು, ಬಾಯಿ ತುಂಬ ಹಲ್ಲು. ರೇಣವ್ವ ಎದ್ದು ನಿಂತು “ಅಕ್ಕಾ” ಎಂದಳು. ನಾನು ಉಬ್ಬಿಹೋದೆ. ವಾರವಿಡೀ ಕಂಡಕಂಡವರಿಗೆಲ್ಲ ಅದನ್ನೇ ಹೇಳಿದೆ.

ತಿಂಗಳ ಮೇಲೆ ಒಂದು ದಿನ, ಒಗ್ಗರಣೆ ಸೀಯುತ್ತಿದ್ದರೂ ರೇಣವ್ವ ಸುಮ್ಮನೆ ಕೂತಿದ್ದಳು. ಏನಾಯಿತೆಂದು ಕೇಳಿದೆ.

“ಸರ, ನಿಮ್ಮ ಮಗಳು ಭಾಳ ಚೆಂದ ಮಾಡ್ಯಾಳ್ರಿ. ಆದ್ರ ಈಗ ಕಣ್ಣು ಮುಚ್ಚಿದ್ರ ಅಕಿನ ಬರ್ತಾಳ. ನಮ್ಮಕ್ಕ ಬರವಲ್ಲಳ್ರಿ.”

“ಆ ಮುರದ ಹಲ್ಲು ನೆಪ್ಪು ಮಾಡ್ಕೋ, ರೇಣವ್ವ.”

“ಹಲ್ಲು ನೆಪ್ಪೈತ್ರಿ. ಅದರ ಸುತ್ತ ಅಕ್ಕನ ಮಾರಿ ಇಲ್ರಿ.”

ನನ್ನ ಚಪಲಕ್ಕಿಷ್ಟು ಬೆಂಕಿ ಬೀಳಲಿ. ಅಷ್ಟರಲ್ಲಿ ಊಟದ ಗಂಟೆ ಹೊಡೆಯಿತು. ಮಕ್ಕಳು ತಟ್ಟೆ ಹಿಡಿದು ಸಾಲಾಗಿ ಬಂದರು. ಶೀಲಾಳ ಸರದಿ ಬಂದಾಗ ರೇಣವ್ವ ಮುಖ ಎತ್ತದೆ, ತಟ್ಟೆಯನ್ನಷ್ಟೇ ನೋಡಿಕೊಂಡು ಅನ್ನ ಬಡಿಸಿದಳು.