ಒಂಬತ್ತು ಸೆಕೆಂಡಿನ ನಗು

ಅಪಾರ್ಟ್‌ಮೆಂಟುಗಳ ಮಲದ ಗುಂಡಿಗೆ ಇಳಿದು ಸತ್ತವರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆ. ಹುಣಸಮಾರನಹಳ್ಳಿಯ ಒಬ್ಬ ಹೆಂಗಸಿನ ಮನೆಗೆ ಅದು ನನ್ನ ಮೂರನೇ ಭೇಟಿ. ಆಕೆಯ ಗಂಡ ಎರಡು ವರ್ಷದ ಹಿಂದೆ ಯಲಹಂಕದ ಒಂದು ಅಪಾರ್ಟ್‌ಮೆಂಟಿನ ಗುಂಡಿಯಲ್ಲಿ ಉಸಿರುಕಟ್ಟಿ ತೀರಿಕೊಂಡಿದ್ದರು. ಮೈಕು ಸೆರಗಿಗೆ ಸಿಕ್ಕಿಸಿ, ಆ ದಿನ ಏನಾಯಿತು ಎಂದು ಕೇಳಿದೆ. ಅವರೆಕಾಯಿ ಸುಲಿಯುತ್ತಿದ್ದ ಆಕೆ ತಲೆ ಎತ್ತಲಿಲ್ಲ.

"ಎಂಗ್ ಸತ್ರು ಅಂತ ಪೊಲೀಸ್ರು ಕೇಳಿದ್ರು, ಪೇಪರ್ನೋರು ಕೇಳಿದ್ರು, ಈಗ ನೀವು. ಎಂಗಿದ್ರು ಅಂತ ಒಬ್ರೂ ಕೇಳ್ನಿಲ್ಲ ಕಣಮ್ಮ."

ನನ್ನ ಹಾಳೆಯಲ್ಲಿ ಹದಿನೆಂಟು ಪ್ರಶ್ನೆಗಳಿದ್ದವು. ಅದೊಂದು ಇರಲಿಲ್ಲ. ಹಾಳೆ ಮಡಚಿಟ್ಟೆ.

"ಹೇಗಿದ್ರು ಅಕ್ಕ?"

"ಎತ್ತರ. ನಗೋವಾಗ ಬಾಯಿಗ್ ಕೈ ಅಡ್ಡ ಇಟ್ಕಳೋರು. ನಗ್ತಿರೋ ಫೋಟೋ ಒಂದೂ ಇಲ್ಲ. ಆಧಾರ್ ಕಾರ್ಡ್ನಾಗೆ ನೋಡಿದ್ರೆ ಯಾರ್ಗೋ ಎದ್ರಿಕೊಂಡಂಗೆ ಕಾಣ್ತಾರೆ."

ಆ ಕಾರ್ಡಿನ ಚಿತ್ರವನ್ನು ಮೊಬೈಲಿನಲ್ಲಿ ತೆಗೆದುಕೊಂಡೆ. ಬಿಡುವಿದ್ದಾಗ ಅವರು ಮದುವೆಗಳಿಗೆ ಶಾಮಿಯಾನ ಹಾಕುವ ಕೆಲಸಕ್ಕೂ ಹೋಗುತ್ತಿದ್ದರೆಂದು ಆಕೆ ಹೇಳಿದ್ದು ಮನೆಗೆ ಹೋದಮೇಲೂ ತಲೆಯಲ್ಲಿ ಕೊರೆಯಿತು. ಮದುವೆ ಅಂದಮೇಲೆ ವಿಡಿಯೋ ಇದ್ದೇ ಇರುತ್ತದಲ್ಲ. ಶಾಮಿಯಾನದ ಮಾಲೀಕರನ್ನು ವಿಚಾರಿಸಿದೆ. ಅವರು ಗಂಗಾನಗರದ ಒಂದು ಸ್ಟುಡಿಯೋಗೆ ಕಳಿಸಿದರು.

"ಕೆಲಸದವ್ರು ಬಂದಿರೋದನ್ನೆಲ್ಲ ಎಡಿಟಿಂಗಲ್ಲೇ ತೆಗೆದ್ಬಿಡ್ತೀವಿ ಮೇಡಂ," ಎಂದರು ವಿಡಿಯೋದವರು. "ಕಟ್ ಮಾಡದೇ ಇರೋದು ಹಾರ್ಡ್ ಡಿಸ್ಕಲ್ಲಿದೆ. ಕೂತ್ಕೊಂಡು ನೋಡಿ."

ನಾಲ್ಕು ಮಧ್ಯಾಹ್ನ ಗುರುತಿಲ್ಲದವರ ಧಾರೆ, ಆರತಕ್ಷತೆ, ಊಟದ ಪಂಕ್ತಿಗಳನ್ನು ನೋಡಿದೆ. ನಾಲ್ಕನೇ ದಿನ ಒಬ್ಬ ಎತ್ತರದ ಮನುಷ್ಯ ಕುರ್ಚಿಗಳ ಅಟ್ಟಿ ಹೊತ್ತು ಬಂದ. ಪಕ್ಕದವನು ಏನೋ ಹೇಳಿದ. ಇವನು ಕುರ್ಚಿ ಇಳಿಸಿ, ಬಾಯಿಗೆ ಕೈ ಹಿಡಿದು, ಭುಜ ಕುಲುಕಿಸಿ ನಕ್ಕ. ಒಂಬತ್ತು ಸೆಕೆಂಡು. ಮೊಬೈಲಿನ ಚಿತ್ರ ಪಕ್ಕದಲ್ಲಿ ಹಿಡಿದು ನೋಡಿದೆ. ಅವರೇ.

ಆ ತುಣುಕನ್ನು ಲ್ಯಾಪ್‌ಟಾಪಿಗೆ ಹಾಕಿಕೊಂಡು ಆಕೆಯ ಮನೆಗೆ ಹೋದೆ. ಆಕೆ ಆರೇಳು ಸಲ ಹಾಕಿಸಿಕೊಂಡು ನೋಡಿದಳು.

"ಆ ಪಕ್ಕದೋನು ಅದೇನ್ ಯೋಳಿರ್ಬೋದು?"

ಇಬ್ಬರೂ ಪರದೆಗೆ ಕಿವಿಗೊಟ್ಟೆವು. ಓಲಗದ ಸದ್ದಿನಲ್ಲಿ ಏನೂ ಕೇಳಲಿಲ್ಲ. ಆಕೆ ಮುಖ ಒರೆಸಿಕೊಂಡು, "ಕ್ಯಾಮೆರಾ ಆಕಿ. ಆ ದಿನದ್ದು ಯೋಳ್ತೀನಿ," ಎಂದಳು. ಹತ್ತೇ ನಿಮಿಷದ ಕೆಲಸ ಎಂದು ಮನೆಗೆ ಬಂದು ಕರೆದೊಯ್ದವನಿಂದ ಶುರುಮಾಡಿ, ಆಸ್ಪತ್ರೆಯಲ್ಲಿ ಕೈಗೆ ಕೊಟ್ಟ ಒದ್ದೆ ಅಂಗಿಯವರೆಗೂ ಹೇಳಿದಳು.

ಚಿತ್ರ ಮುಗಿದಾಗ ಯಲಹಂಕದ ಅದೇ ಅಪಾರ್ಟ್‌ಮೆಂಟಿನ ಸಭಾಂಗಣದಲ್ಲಿ ತೋರಿಸಲು ಅನುಮತಿ ಕೇಳಿದೆ. ಮೂರು ಸಲ ಆಗಲ್ಲ ಎಂದ ಅಲ್ಲಿನ ನಿವಾಸಿಗಳ ಸಂಘದವರು ಕೊನೆಗೆ ಒಪ್ಪಿದರು. ಆಕೆಯೂ ಬಂದಳು. ಪ್ರದರ್ಶನ ಮುಗಿದಮೇಲೆ ನೆಲಮಹಡಿಯ ಒಬ್ಬ ವೃದ್ಧೆ ಆಕೆಯ ಹತ್ತಿರ ಬಂದು, "ನಿಮ್ಮ ಯಜಮಾನ್ರು ಇಲ್ಲಿ ಕೆಲಸಕ್ಕೆ ಬಂದಾಗೆಲ್ಲ ನಮ್ಮನೇಲಿ ನೀರು ಇಸ್ಕೊಂಡು ಕುಡೀತಿದ್ರು. ಎರಡು ಮಾತಾಡೇ ಹೋಗ್ತಿದ್ರು," ಎಂದರು.

ಆಕೆ ಪಕ್ಕದ ಕುರ್ಚಿ ಎಳೆದು ಅವರನ್ನು ಕೂರಿಸಿದಳು.

"ಏನ್ ಮಾತಾಡೋರು, ಯೋಳಿ."